ಲೈಂಗಿಕ ಶಿಕ್ಷಣದ ಆ ಚಾಪ್ಟರ್ ನಾವು ಮಾಡ್ತೇವೆ ಮಾರಾಯ್ರೆ, ಮಾಡುದಿಲ್ಲ ಅಂತ ಯಾರು ಹೇಳಿದ್ದು

ಪಿಯುಸಿ ರಿಸಲ್ಟ್ ಬರುವ ದಿನ ನಮ್ಮ ಕಡೆ ಒಂದೇ ಪ್ರಶ್ನೆ, ಈ ಸಲ ಉಡುಪಿ ಫಸ್ಟಾ ದಕ್ಷಿಣ ಕನ್ನಡ ಫಸ್ಟಾ. 2024ರಲ್ಲಿ ದಕ್ಷಿಣ ಕನ್ನಡ 97.37 ಪರ್ಸೆಂಟ್, ಉಡುಪಿ ಅದರ ಹಿಂದೆಯೇ 96.80, ಮರುವರ್ಷ ಉಡುಪಿ 93.90 ತಗೊಂಡು ಮೇಲೆ ಬಂತು. ಮೂರನೇ ಜಿಲ್ಲೆ ಯಾವುದು ಅಂತ ಇಲ್ಲಿ ಯಾರೂ ಕೇಳುದಿಲ್ಲ. ನಾನು ಉಡುಪಿ ಹತ್ತಿರದ ಒಂದು ಪಿಯು ಕಾಲೇಜಲ್ಲಿ ಬಯಾಲಜಿ ಪಾಠ ಮಾಡುವವಳು, ಹಾಗಾಗಿ ಈ ಗೌಜಿಯಲ್ಲಿ ನನ್ನದೂ ಒಂದು ಚೂರು ಪಾಲುಂಟು ಅಂತ ಇಟ್ಕೊಳ್ಳಿ.

ಸೆಕೆಂಡ್ ಪಿಯುಸಿಯಲ್ಲಿ ಹ್ಯೂಮನ್ ರಿಪ್ರೊಡಕ್ಷನ್ ಅಂತ ಒಂದು ಚಾಪ್ಟರ್, ಅದರ ಬೆನ್ನಿಗೇ ರಿಪ್ರೊಡಕ್ಟಿವ್ ಹೆಲ್ತ್ ಅಂತ ಇನ್ನೊಂದು. ನಮ್ಮ ಮಕ್ಕಳು ಎರಡನ್ನೂ ಕಣ್ಣು ಮುಚ್ಚಿ ಬರೀತಾರೆ. ಡಯಾಗ್ರಾಂ ಬಿಡಿಸಿ ಲೇಬಲ್ ಮಾಡು ಅಂದ್ರೆ ಸ್ಕೇಲ್ ಇಟ್ಟು ಗೆರೆ ಎಳೀತಾರೆ, ಎಲ್‌ಎಚ್ ಹಾರ್ಮೋನ್ ಎಷ್ಟನೇ ದಿನ ಏರ್ತದೆ ಅಂತ ನಿದ್ದೆಯಿಂದ ಎಬ್ಬಿಸಿ ಕೇಳಿದ್ರೂ ಹೇಳ್ತಾರೆ, ಕಾಪರ್ ಟಿ ಹೇಗೆ ಕೆಲಸ ಮಾಡ್ತದೆ, ಫ್ಯಾಮಿಲಿ ಪ್ಲಾನಿಂಗ್ ಶುರುವಾದ್ದು 1951, ಗರ್ಭಪಾತ ಕಾನೂನುಬದ್ಧ ಆದದ್ದು 1971, ಎಲ್ಲ ಬಾಯಿಪಾಠ. ನೀಟ್ ಕೋಚಿಂಗಲ್ಲಿ ಇದೇ ಚಾಪ್ಟರಿನ ಎಂಸಿಕ್ಯೂಗಳನ್ನು ಹುಡುಗ ಹುಡುಗಿ ಒಟ್ಟಿಗೆ ಕೂತು ಒಂದಿಷ್ಟೂ ನಾಚಿಕೆ ಇಲ್ಲದೆ ಬಿಡಿಸ್ತಾರೆ, ತಪ್ಪಾದ್ರೆ ಜಗಳ ಬೇರೆ. ಹಾಗಾಗಿ ಯಾರಾದ್ರೂ ನಿಮ್ಮ ಕಾಲೇಜುಗಳಲ್ಲಿ ಲೈಂಗಿಕ ಶಿಕ್ಷಣವೇ ಇಲ್ಲ, ಟೀಚರುಗಳು ಆ ಪಾಠ ಬಂದ್ರೆ ಮನೇಲಿ ಓದ್ಕೊಳ್ಳಿ ಅಂತ ಹಾರಿಸ್ತೀರಿ ಅಂತ ಹೇಳಿದ್ರೆ ನನಗೆ ಪಿತ್ತ ನೆತ್ತಿಗೇರ್ತದೆ. ನಾವು ಮಾಡ್ತೇವೆ. ಮಾರ್ಕ್ಸಿಗೆ ಬರುದನ್ನೆಲ್ಲ ಮಾಡ್ತೇವೆ.

ಸಮಸ್ಯೆ ಇರುದೂ ಅಲ್ಲಿಯೇ. ಮಾರ್ಕ್ಸ್ ಇರುವ ದೇಹ ಒಂದು, ಬೆಂಚಲ್ಲಿ ಕೂತಿರುವ ದೇಹ ಬೇರೆ. ಮೊದಲನೆಯದರ ಬಗ್ಗೆ ನಾವು ಭಯಂಕರ ಹುಷಾರು, ಎರಡನೆಯದರ ಬಗ್ಗೆ ಬಾಯಿ ಬಿಡುದಿಲ್ಲ. ಒಂದು ತಮಾಷೆ ನೋಡಿ, ಆ ರಿಪ್ರೊಡಕ್ಟಿವ್ ಹೆಲ್ತ್ ಚಾಪ್ಟರಿನ ಒಳಗೇ ಶಾಲೆಗಳಲ್ಲಿ ಲೈಂಗಿಕ ಶಿಕ್ಷಣ ಕೊಡ್ಬೇಕು, ಇಲ್ಲದಿದ್ರೆ ಮಕ್ಕಳು ತಪ್ಪು ನಂಬಿಕೆ ಇಟ್ಕೊಳ್ತಾರೆ ಅನ್ನುವ ಅರ್ಥದ ಮಾತುಂಟು. ಮಕ್ಕಳು ಅದಕ್ಕೆ ಸಾ ಹೈಲೈಟರ್ ಹಾಕಿ ಇಟ್ಟಿರ್ತಾರೆ, ಎಲ್ಲಿಯಾದ್ರೂ ಎರಡು ಮಾರ್ಕಿಗೆ ಬಂದ್ರೆ ಅಂತ!

ಮತ್ತೆ ಈ ಪಾಠ ಕೂಡ ಯಾರಿಗೆ? ಪಿಸಿಎಂಬಿ ತಗೊಂಡವರಿಗೆ. ಕಾಮರ್ಸಿನವರಿಗೆ, ಆರ್ಟ್ಸಿನವರಿಗೆ ಎಸ್ಸೆಸ್ಸೆಲ್ಸಿಯ ಸೈನ್ಸ್ ಪುಸ್ತಕವೇ ಕೊನೆ, ಅದರ ನಂತರ ಅವರ ಮೇಷ್ಟ್ರು ಅಂದ್ರೆ ಮೊಬೈಲು. ನಮ್ಮ ಕಾಲೇಜಲ್ಲಿ ಕಾಮರ್ಸಿನ ಮಕ್ಕಳೇನು ಕಡಿಮೆ ಇಲ್ಲ, ಹದಿನೇಳು ವರ್ಷ ಅವರಿಗೂ ಬರ್ತದೆ.

ಅವರಿಗೆಲ್ಲ ಸೇರಿಸಿ ವರ್ಷಕ್ಕೊಮ್ಮೆ ಜಾಗೃತಿ ಕಾರ್ಯಕ್ರಮ ಅಂತ ಒಂದಿರ್ತದೆ. ಹುಡುಗಿಯರನ್ನು ಎವಿ ಹಾಲಿಗೆ ಕರ್ಕೊಂಡು ಹೋಗುದು, ಪ್ರಾರ್ಥನೆ, ಸ್ವಾಗತ, ಹೂಗುಚ್ಛ, ಒಬ್ರು ಡಾಕ್ಟರು, ಅವರಿಗೆ ಓಪಿಡಿ ಬಿಟ್ಟು ಬಂದ ಅರ್ಜೆಂಟ್, ಮುಟ್ಟು, ಶುಚಿತ್ವ, ರಕ್ತಹೀನತೆ, ಪ್ರಶ್ನೆ ಉಂಟಾ ಮಕ್ಕಳೇ, ಇಲ್ಲ ಡಾಕ್ಟ್ರೇ, ಧನ್ಯವಾದ ಸಮರ್ಪಣೆ. ಇದನ್ನು ನಾನು ಕುಶಾಲು ಮಾಡ್ತಾ ಇದ್ದೇನೆ ಅಂತ ಅಂದ್ಕೊಳ್ಬೇಡಿ, ಮುಟ್ಟಿನ ವಿಷಯದಲ್ಲಿ ನಮ್ಮ ಕಡೆ ನಿಜಕ್ಕೂ ತುಂಬ ಬದಲಾವಣೆ ಆಗಿದೆ, ಸರ್ಕಾರದ ಶುಚಿ ಯೋಜನೆಯ ಪ್ಯಾಡು ಬಂತು, ಮುಟ್ಟಿನ ಕಪ್ ಪ್ರಯೋಗಕ್ಕೆ ಮೊದಲು ಆರಿಸಿದ ಜಿಲ್ಲೆಗಳಲ್ಲಿ ಚಾಮರಾಜನಗರದ ಜೊತೆ ದಕ್ಷಿಣ ಕನ್ನಡವೇ ಇದ್ದದ್ದು. ನಮ್ಮಮ್ಮನ ಕಾಲದಲ್ಲಿ ಹೊರಗೆ ಕೂತವರ ಮೊಮ್ಮಕ್ಕಳು ಇವತ್ತು ಕಪ್ಪಿನ ಸೈಜಿನ ಬಗ್ಗೆ ಬಸ್‌ಸ್ಟ್ಯಾಂಡಲ್ಲಿ ಮಾತಾಡ್ತಾರೆ. ಆದ್ರೆ ಆ ಒಂದು ಗಂಟೆ ಹುಡುಗರು ಎಲ್ಲಿರ್ತಾರೆ? ಗ್ರೌಂಡಲ್ಲಿ. ಮಳೆ ಬಂದ್ರೆ ಪೊಲೀಸಿನವರು ಬಂದು ಡ್ರಗ್ಸ್ ಬಗ್ಗೆ ಭಾಷಣ. ಹುಡುಗರಿಗೂ ಒಂದು ದೇಹ ಉಂಟು, ಅದರಲ್ಲೂ ಎಂತೆಂತದೋ ಆಗ್ತದೆ, ಅವರಿಗೂ ಹೆದರಿಕೆ ಇರ್ತದೆ ಅಂತ ಹೇಳುವವರು ಯಾರೂ ಇಲ್ಲ.

ಇತ್ತೀಚೆಗೆ ಆ ಒಂದು ಗಂಟೆಗೆ ಪೋಕ್ಸೋ, ಅಂದ್ರೆ ಮಕ್ಕಳ ಮೇಲಿನ ಲೈಂಗಿಕ ದೌರ್ಜನ್ಯ ತಡೆಯುವ ಕಾಯ್ದೆ, ಬಂದು ಸೇರಿದೆ. 2022ರಲ್ಲಿ ನಮ್ಮ ಹೈಕೋರ್ಟು ಒಂಬತ್ತನೇ ಕ್ಲಾಸಿನಿಂದ ಮೇಲಿನ ಮಕ್ಕಳಿಗೆ ಈ ಕಾಯ್ದೆಯ ಬಗ್ಗೆ ತಿಳಿಸಿ ಅಂತ ಹೇಳಿತ್ತು, ಸರಿಯೇ. ಪೋಕ್ಸೋ 2012ರ ಕಾಯ್ದೆ, ಹದಿನೆಂಟರ ಒಳಗಿನವರೆಲ್ಲ ಮಕ್ಕಳು, ಸಮ್ಮತಿ ಇತ್ತು ಅನ್ನುವ ಮಾತು ಅಲ್ಲಿ ನಡೆಯುದಿಲ್ಲ, ಮತ್ತೆ ವಿಷಯ ಗೊತ್ತಾದವರು ತಿಳಿಸದೆ ಇದ್ರೆ ಅವರ ಮೇಲೆಯೇ ಕೇಸು. ಟೀಚರ್ ಅಂದ್ರೆ ವಿಷಯ ಗೊತ್ತಾಗುವ ಜಾಗದಲ್ಲೇ ಕೂತವಳು. ಮಕ್ಕಳನ್ನು ಹಾಳು ಮಾಡುವವರ ಕೈಯಿಂದ ತಪ್ಪಿಸ್ಲಿಕ್ಕೆ ಈ ಕಾನೂನು ಬೇಕೇ ಬೇಕು, ಅದರಲ್ಲಿ ಎರಡು ಮಾತಿಲ್ಲ. ಆದ್ರೆ ಹದಿನೇಳರ ಹುಡುಗಿ ಬಂದು ಮೇಡಂ ಒಂದು ವಿಷಯ ಕೇಳ್ಲಾ ಅಂತ ಬಾಗಿಲ ಹತ್ರ ನಿಂತ್ರೆ, ಅವಳು ಎರಡನೇ ವಾಕ್ಯ ಹೇಳುವ ಮೊದಲೇ ನನ್ನ ಮಂಡೆಯಲ್ಲಿ ಸ್ಟೇಷನ್ನು, ಪ್ರಿನ್ಸಿಪಾಲರು, ಅವಳ ಅಪ್ಪ, ಎಲ್ಲ ಬಂದು ನಿಲ್ತಾರೆ. ಸ್ಟಾಫ್ ರೂಮಲ್ಲಿ ಎಲ್ರದ್ದೂ ಒಂದೇ ಸಲಹೆ, ಮಕ್ಕಳ ಪರ್ಸನಲ್ ಕೇಳ್ಲಿಕ್ಕೆ ಹೋಗ್ಬೇಡಿ ಮೇಡಂ, ನಮಗ್ಯಾಕೆ. ಹೀಗಾಗಿ ಶಾಲೆಯಲ್ಲಿ ಲೈಂಗಿಕತೆ ಅಂದ್ರೆ ಒಂದೋ ಡಯಾಗ್ರಾಂ, ಇಲ್ಲ ಕ್ರೈಮ್. ನಡುವಿನದ್ದು, ಅಂದ್ರೆ ಮನುಷ್ಯರಿಗೆ ದಿನಾ ಆಗುವಂಥದ್ದು, ಅದಕ್ಕೆ ಟೈಮ್‌ಟೇಬಲಲ್ಲಿ ಜಾಗ ಇಲ್ಲ.

ಈಗ ಇದರ ಒಳಗೆ ಒಬ್ಬ ಹುಡುಗ ಅಂತ ಇಟ್ಕೊಳ್ಳಿ, ನಡೆಯುವಾಗ ಸ್ವಲ್ಪ ಮೆತ್ತಗೆ, ಮಾತಾಡುವಾಗ ಕೈ ಆಡಿಸ್ತಾನೆ, ವಾಲಿಬಾಲಿಗಿಂತ ರಂಗೋಲಿಯಲ್ಲಿ ಚುರುಕು. ಅವನ ಪಾಡು ಎಂತ ಅಂತ ತಿಳೀಬೇಕಾದ್ರೆ ಒಮ್ಮೆ ಅಟೆಂಡೆನ್ಸ್ ಕರೆಯುವಾಗ ಕ್ಲಾಸ್ ಹೊರಗೆ ನಿಂತು ಕೇಳಿ. ಏಳು, ಎಂಟು ಆಗುವವರೆಗೆ ಸುಮ್ಮನೆ, ಒಂಬತ್ತು ಅಂದ ಕೂಡ್ಲೇ ಹಿಂದಿನ ಬೆಂಚಲ್ಲಿ ಕಿಸಕಿಸ. ಎಂತಕ್ಕೆ ಅಂತ ಕರ್ನಾಟಕದಲ್ಲಿ ಬೆಳೆದ ಯಾರಿಗೂ ಬಿಡಿಸಿ ಹೇಳುದು ಬೇಡ. ಜೂನ್ ತಿಂಗಳಲ್ಲಿ ರೋಲ್ ನಂಬರ್ ಬದಲಾಯಿಸಿ ಕೊಡಿ ಅಂತ ಆಫೀಸಿಗೆ ಬರುವ ಹುಡುಗರು ಇರ್ತಾರೆ, ಅಲ್ಲಿ ಆಲ್ಫಾಬೆಟಿಕಲ್ ಆರ್ಡರ್, ಆಗುದಿಲ್ಲ ಅಂತ ವಾಪಸ್ ಕಳಿಸ್ತಾರೆ. ಒಬ್ರು ಸೀನಿಯರ್ ಲೆಕ್ಚರರ್ ಆ ನಂಬರ್ ಬಂದಾಗ ತಾವೇ ಒಂದು ನಗು ನಕ್ಕು ಮುಂದೆ ಹೋಗ್ತಿದ್ರು, ಮಕ್ಕಳಿಗೆ ಅವರು ಭಾರೀ ಫ್ರೆಂಡ್ಲಿ. ಈಗ ಕೆಲವರು ನಂಬರ್ ಬಿಟ್ಟು ಹೆಸರು ಕರೀತೇವೆ, ಒಂದೂವರೆ ನಿಮಿಷ ಜಾಸ್ತಿ ಹಿಡೀತದೆ ಅಷ್ಟೇ. ಲೈಂಗಿಕ ಅಲ್ಪಸಂಖ್ಯಾತರ ಬಗ್ಗೆ ನಮ್ಮ ಕಾಲೇಜುಗಳು ಎಂತ ಕಲಿಸ್ತವೆ ಅಂತ ಯಾರಾದ್ರೂ ಸರ್ವೆ ಮಾಡುದಾದ್ರೆ ಸಿಲೆಬಸ್ ನೋಡುದು ಬೇಡ, ಆ ಕಿಸಕಿಸ ಬಂದಾಗ ಮೇಜಿನ ಈಚೆ ನಿಂತವರು ಎಂತ ಮಾಡ್ತಾರೆ ಅಂತ ನೋಡ್ಲಿ ಸಾಕು.

ಸಿಲೆಬಸ್ ನೋಡಿದ್ರೂ ಸಿಗುದು ಒಂದೇ ಕಡೆ, ಜೆನೆಟಿಕ್ಸ್ ಚಾಪ್ಟರಿನ ಕೊನೆಗೆ. ಕ್ಲೈನ್‌ಫೆಲ್ಟರ್ ಸಿಂಡ್ರೋಮ್, ಎಕ್ಸ್‌ಎಕ್ಸ್‌ವೈ, ಒಟ್ಟು 47 ಕ್ರೋಮೋಸೋಮು. ಅದರ ಬೆನ್ನಿಗೆ ಟರ್ನರ್ ಸಿಂಡ್ರೋಮ್, ಒಂದೇ ಎಕ್ಸ್. ಗಂಡು ಹೆಣ್ಣು ಅನ್ನುದು ಎರಡೇ ಡಬ್ಬಿ ಅಲ್ಲ ಅನ್ನುವ ಸುಳಿವು ಇಡೀ ಎರಡು ವರ್ಷದಲ್ಲಿ ಬರುದು ಇಲ್ಲಿ ಮಾತ್ರ, ಅದೂ ಡಿಸಾರ್ಡರ್ ಅನ್ನುವ ಹೆಡ್ಡಿಂಗಿನ ಕೆಳಗೆ. ನಾನು ಪಾಠ ಮಾಡುವಾಗ ಎದೆ ಬೆಳೀತದೆ, ಗಡ್ಡ ಕಡಿಮೆ ಅಂತ ಹೇಳಿದ್ದೇ ತಡ ಅರ್ಧ ಕ್ಲಾಸಿನ ಕುತ್ತಿಗೆ ಒಬ್ಬ ಹುಡುಗನ ಕಡೆ ತಿರುಗ್ತದೆ. ಅಲ್ಲಿ ಚಾಕ್ ಕೆಳಗಿಟ್ಟು ಮಾತಾಡ್ಲೇಬೇಕು. ಹದಿಹರೆಯದಲ್ಲಿ ಎಷ್ಟೋ ಹುಡುಗರಿಗೆ ಸ್ವಲ್ಪ ಎದೆ ಬರ್ತದೆ, ಹೆಚ್ಚಿನವರಿಗೆ ತನ್ನಿಂದ ತಾನೇ ಹೋಗ್ತದೆ, ಅದು ಕ್ಲೈನ್‌ಫೆಲ್ಟರ್ ಅಲ್ಲ. ಕ್ಲೈನ್‌ಫೆಲ್ಟರ್ ಇದ್ದವರು ನಿಮ್ಮ ಎದುರು ನಿಂತ್ರೂ ನಿಮಗೆ ಗೊತ್ತಾಗುದಿಲ್ಲ. ಒಬ್ಬ ಹೇಗೆ ನಡೀತಾನೆ, ಯಾರನ್ನು ಇಷ್ಟಪಡ್ತಾನೆ, ತನ್ನನ್ನು ಗಂಡು ಅಂದ್ಕೊಳ್ತಾನಾ ಹೆಣ್ಣು ಅಂದ್ಕೊಳ್ತಾನಾ, ಈ ಮೂರೂ ಬೇರೆ ಬೇರೆ ಪ್ರಶ್ನೆಗಳು, ಮೂರಕ್ಕೂ ಈ ಪುಟದಲ್ಲಿ ಉತ್ತರ ಇಲ್ಲ. ಇಷ್ಟು ಹೇಳ್ಲಿಕ್ಕೆ ಐದು ನಿಮಿಷ ಸಾಕು. ಪೋರ್ಷನ್ ಮುಗಿಸುವ ಅವಸರದಲ್ಲಿ ಆ ಐದು ನಿಮಿಷವೇ ಹೋಗುದು.

ಹುಡುಗಿಯರ ವಿಷಯ ಇನ್ನೂ ಮರೆಯಲ್ಲಿ. ಇಬ್ರು ಹುಡುಗಿಯರು ಸದಾ ಕೈ ಹಿಡ್ಕೊಂಡು ತಿರುಗಿದ್ರೆ ಕ್ಲೋಸ್ ಫ್ರೆಂಡ್ಸ್, ಯಾರ ಕಣ್ಣಿಗೂ ಬೀಳುದಿಲ್ಲ, ಅದೊಂದು ಸೌಕರ್ಯವೂ ಹೌದು. ಹಾಸ್ಟೆಲಲ್ಲಿ ಯಾರದ್ದೋ ಮೊಬೈಲ್ ವಾರ್ಡನ್ ಕೈಗೆ ಸಿಗುವವರೆಗೆ. ಆಮೇಲೆ ಕೌನ್ಸೆಲಿಂಗ್ ಅಲ್ಲ, ರೂಮ್ ಚೇಂಜು, ಮನೆಗೆ ಫೋನು, ಡಿಗ್ರಿ ಮುಗಿಯುವ ಮೊದಲೇ ಮದುವೆ. ಟಿಸಿಯಲ್ಲಿ ಕಾರಣ, ಸ್ವಂತ ಕೋರಿಕೆ.

ಪೇರೆಂಟ್ಸ್ ಮೀಟಿಂಗಿಗೆ ಒಬ್ರು ತಾಯಿ ಬಂದಿದ್ರು, ಗುರುತು ಸಿಗದ ಹಾಗೆ ಸ್ವಲ್ಪ ಬದಲಿಸಿ ಹೇಳ್ತೇನೆ. ಮಾರ್ಕ್ಸ್ ಕಾರ್ಡಿಗೆ ಸೈನ್ ಹಾಕಿ ಎಲ್ರೂ ಹೋದ ಮೇಲೂ ಕೂತೇ ಇದ್ರು. ಮೇಡಂ ನೀವು ಬಯಾಲಜಿ ಅಲ್ವಾ, ಅವನ ನಡಿಗೆ ಮಾತು ಎಲ್ಲ ಹುಡುಗಿಯರ ಹಾಗೆ ಆಗ್ತಾ ಉಂಟು, ಮಾವನವರು ದಿನಾ ಬೈತಾರೆ, ಇದಕ್ಕೆ ಹಾರ್ಮೋನಿನ ಇಂಜೆಕ್ಷನ್ ಏನಾದ್ರೂ ಬರ್ತದಾ. ದೇವಸ್ಥಾನ, ಜ್ಯೋತಿಷ್ಯ ಎಲ್ಲ ಮುಗಿಸಿ ಬಂದದ್ದು ಇಲ್ಲಿಗೆ. ನಾನು ಹೇಳಿದೆ, ಅಕ್ಕ, ಅವನಿಗೆ ಕಾಯಿಲೆ ಇಲ್ಲ. ಒಬ್ಬನಿಗೆ ಹುಡುಗರೇ ಇಷ್ಟ ಆದ್ರೂ ಅದು ಕಾಯಿಲೆ ಅಲ್ಲ ಅಂತ ವಿಶ್ವ ಆರೋಗ್ಯ ಸಂಸ್ಥೆ 1990ರಲ್ಲೇ ಪಟ್ಟಿಯಿಂದ ತೆಗೆದಾಯ್ತು, ನಮ್ಮ ದೇಶದ ಮನೋವೈದ್ಯರ ಸಂಘವೂ 2018ರಲ್ಲಿ ಅದನ್ನೇ ಹೇಳಿದೆ. ನಿಮ್ಮ ಹುಡುಗನಿಗೆ ಎಂತ ಅಂತ ನನಗೂ ಗೊತ್ತಿಲ್ಲ, ನಿಮಗೂ ಗೊತ್ತಿಲ್ಲ, ಅವನಿಗೇ ಇನ್ನೂ ಗೊತ್ತಿರ್ಲಿಕ್ಕಿಲ್ಲ. ಸರಿ ಮಾಡಿ ಕೊಡ್ತೇನೆ ಅನ್ನುವ ಡಾಕ್ಟ್ರ ಹತ್ರ ಮಾತ್ರ ಹೋಗ್ಬೇಡಿ. ಅವ್ರು ಕೇಳಿದ ಮುಂದಿನ ಪ್ರಶ್ನೆಗೆ ನನ್ನ ಹತ್ರ ಉತ್ತರ ಇರ್ಲಿಲ್ಲ, ಕ್ಲಾಸಲ್ಲಿ ಅವನಿಗೆ ಅಡ್ಡಹೆಸರಿಟ್ಟು ಕರೀತಾರಂತೆ, ಅದಕ್ಕೆ ಕಾಲೇಜು ಎಂತ ಮಾಡ್ತದೆ?

ಡಿಗ್ರಿ ಕಾಲೇಜಾದ್ರೆ ಉತ್ತರ ಉಂಟು, ಕಾಗದದಲ್ಲಿ. 2014ರಲ್ಲಿ ಮೂರನೇ ಲಿಂಗವನ್ನು ಒಪ್ಪಿಕೊಂಡ ಸುಪ್ರೀಂ ಕೋರ್ಟಿನ ನಾಲ್ಸಾ ತೀರ್ಪು ಬಂದ ಮೇಲೆ ಅರ್ಜಿ ಫಾರ್ಮುಗಳಲ್ಲಿ ಮೂರನೇ ಲಿಂಗದ ಕಾಲಂ ಹಾಕಿ ಅಂತ ಯೂನಿವರ್ಸಿಟಿ, ಡಿಗ್ರಿ ಕಾಲೇಜುಗಳನ್ನು ನೋಡ್ಕೊಳ್ಳುವ ಯುಜಿಸಿ ಹೇಳಿತು. 2016ರಲ್ಲಿ ರ‍್ಯಾಗಿಂಗ್ ನಿಯಮಕ್ಕೆ ತಿದ್ದುಪಡಿ ತಂದು, ಜಾತಿ ಧರ್ಮ ಬಣ್ಣದ ಜೊತೆಗೆ ಲಿಂಗತ್ವ, ಲೈಂಗಿಕ ಒಲವು ಹಿಡಿದು ಒಬ್ಬನನ್ನು ಪೀಡಿಸಿದ್ರೂ, ಗುಂಪಿನಿಂದ ಹೊರಗಿಟ್ರೂ ಅದು ರ‍್ಯಾಗಿಂಗೇ ಅಂತ ಬರೆದ್ರು. ಸಲಿಂಗ ಸಂಬಂಧವನ್ನು ಅಪರಾಧ ಮಾಡಿದ್ದ 377ನೇ ಸೆಕ್ಷನ್ ಇನ್ನೂ ಪೂರ್ತಿ ಇದ್ದ ಕಾಲ ಅದು, ಕೋರ್ಟ್ ಅದನ್ನು ಕತ್ತರಿಸಿದ್ದು 2018ರ ಸೆಪ್ಟೆಂಬರ್ 6ಕ್ಕೆ, ಅಂದ್ರೆ ಯುಜಿಸಿ ಕೋರ್ಟಿಗಿಂತ ಮುಂದಿತ್ತು, ಯಾವತ್ತೋ ಒಮ್ಮೆ ಹೀಗೂ ಆಗ್ತದೆ. ಮಂಗಳೂರು ಯೂನಿವರ್ಸಿಟಿಯ ಕಾಲೇಜಾಗ್ಲಿ, ಮಣಿಪಾಲ ಆಗ್ಲಿ, ಅಡ್ಮಿಶನ್ ಟೈಮಲ್ಲಿ ಅಪ್ಪ ಮಗ ಇಬ್ರೂ ರ‍್ಯಾಗಿಂಗ್ ಮಾಡುದಿಲ್ಲ ಅಂತ ಮುಚ್ಚಳಿಕೆ ಕೊಡ್ತಾರೆ. ಆ ನಿಯಮದಲ್ಲಿ ಈ ಸಾಲು ಉಂಟು ಅಂತ ಕೊಟ್ಟವರಿಗೂ ಗೊತ್ತಿಲ್ಲ ಇಸ್ಕೊಂಡವರಿಗೂ ಗೊತ್ತಿಲ್ಲ. ನಮ್ಮದು ಪಿಯು, ಯುಜಿಸಿ ನಮಗೆ ಬರುದಿಲ್ಲ. 2019ರ ಟ್ರಾನ್ಸ್‌ಜೆಂಡರ್ ಕಾಯ್ದೆ ಸರ್ಕಾರದ ಮಾನ್ಯತೆ ಇರುವ ಎಲ್ಲ ವಿದ್ಯಾಸಂಸ್ಥೆಗಳಿಗೂ ತಾರತಮ್ಯ ಇಲ್ಲದೆ ಕಲಿಸ್ಬೇಕು ಅಂತ ಹೇಳ್ತದೆ, ಅದು ನಮಗೂ ಬರ್ತದೆ. ಆದ್ರೆ ಆ ತಾಯಿಗೆ ಬೇಕಾದ್ದು ಕಾಯ್ದೆಯ ಸೆಕ್ಷನ್ ಅಲ್ಲ, ನಾಳೆ ಬೆಳಿಗ್ಗೆ ಫಸ್ಟ್ ಅವರ್ ಯಾರು ಎಂತ ಮಾಡ್ತಾರೆ ಅಂತ.

ನಮ್ಮ ಎರಡು ಜಿಲ್ಲೆಗಳಲ್ಲಿ ಮೆಡಿಕಲ್ ಕಾಲೇಜುಗಳಿಗೇನೂ ಬರ ಇಲ್ಲ, ಮಣಿಪಾಲದ್ದು 1953ರದ್ದು. ನನ್ನ ಸ್ಟೂಡೆಂಟ್ಸ್ ಸುಮಾರು ಜನ ಅಲ್ಲಿಗೆಲ್ಲ ಹೋಗ್ತಾರೆ. ಡಾಕ್ಟರುಗಳೇ ಬಂದು ಪಾಠ ಮಾಡ್ಲಿ ಅನ್ನುವವರಿಗೆ ಒಂದು ಕಥೆ ಹೇಳ್ಬೇಕು. 2021ರಲ್ಲಿ ಮದ್ರಾಸ್ ಹೈಕೋರ್ಟಿನ ಜಸ್ಟಿಸ್ ಆನಂದ್ ವೆಂಕಟೇಶ್ ಒಂದು ಕೇಸಲ್ಲಿ ಮೆಡಿಕಲ್ ಪುಸ್ತಕಗಳಲ್ಲಿ ಸಲಿಂಗಿಗಳ ಬಗ್ಗೆ ಎಂತೆಲ್ಲ ಬರೆದಿದ್ದಾರೆ ಅಂತ ತೆಗೆಸಿ ನೋಡಿದ್ರು, ಆಮೇಲೆ ರಾಷ್ಟ್ರೀಯ ವೈದ್ಯಕೀಯ ಆಯೋಗ ಅವಮಾನಕಾರಿ ಅಂಶ ಇರುವ ಪುಸ್ತಕ ಬೇಡ ಅಂತ ಸೂಚನೆ ಕೊಟ್ಟಿತು, 2022ರಲ್ಲಿ ಒಲವು ಬದಲಿಸ್ತೇನೆ ಅಂತ ಟ್ರೀಟ್‌ಮೆಂಟ್ ಕೊಟ್ರೆ ಅದು ವೃತ್ತಿಯ ದುರ್ನಡತೆ ಅಂತಲೂ ಹೇಳಿತು. ಒಳ್ಳೇದಾಯ್ತು ಅನ್ನುವಷ್ಟರಲ್ಲಿ 2024ರ ಆಗಸ್ಟ್ ಕೊನೆಗೆ ಅದೇ ಆಯೋಗದ ಹೊಸ ಪಠ್ಯಕ್ರಮ, ಫೊರೆನ್ಸಿಕ್ ವಿಭಾಗದಲ್ಲಿ ಲೆಸ್ಬಿಯನಿಸಂ ಪುನಃ ಅಸಹಜ ಅಪರಾಧದ ಪಟ್ಟಿಗೆ! ಬೊಬ್ಬೆ ಎದ್ದ ಮೇಲೆ ಒಂದೇ ವಾರದೊಳಗೆ ವಾಪಸ್ ತಗೊಂಡ್ರು. ಡಾಕ್ಟರಾದವರೆಲ್ಲ ಇದನ್ನು ಸರಿಯಾಗಿ ಕಲಿತೇ ಬಂದಿದ್ದಾರೆ ಅಂತ ಹೇಗೆ ನಂಬುದು? ಎವಿ ಹಾಲಿಗೆ ಬರುವ ಡಾಕ್ಟರು ಕಲಿತದ್ದು ಇಪ್ಪತ್ತು ಮೂವತ್ತು ವರ್ಷ ಹಳೆ ಪುಸ್ತಕದಲ್ಲಿ.

ನಮ್ಮ ಸ್ಟಾಫ್ ರೂಮಿನ ಒಬ್ರು ಸರ್ ಒಳ್ಳೆ ಅರ್ಥಧಾರಿ. ವೇಷ ಕುಣಿತ ಇಲ್ಲದೆ ಕೂತು ಮಾತಲ್ಲೇ ನಡೆಸುವ ಯಕ್ಷಗಾನ, ಅಂದ್ರೆ ತಾಳಮದ್ದಳೆಯಲ್ಲಿ ಅಂಬೆ ಭೀಷ್ಮರ ಪ್ರಸಂಗ ಇದ್ರೆ ಅವರದ್ದು ಭೀಷ್ಮ, ಅಂಬೆಯೇ ಶಿಖಂಡಿಯಾಗಿ ಬರುದು, ಆ ಶಿಖಂಡಿಯ ಎದುರು ಬಿಲ್ಲು ಕೆಳಗಿಡುದು ಧರ್ಮವಾ ಅಲ್ಲವಾ ಅಂತ ರಾತ್ರಿ ಎರಡು ಗಂಟೆಯವರೆಗೆ ವಾದ ಮಾಡಿದ್ರೂ ಅವರಿಗೆ ದಣಿವಿಲ್ಲ, ಕೇಳುವ ನಮಗೂ ಇಲ್ಲ. ಅದೇ ಸರ್ ಸ್ಟಾಫ್ ಮೀಟಿಂಗಲ್ಲಿ ಈ ವಿಷಯ ತೆಗೆದ್ರೆ, ಇದೆಲ್ಲ ಫಾರಿನ್ನಿಂದ ಬಂದ ಸಬ್ಜೆಕ್ಟ್ ಮೇಡಂ, ನಮ್ಮ ಮಕ್ಕಳ ತಲೆಗೆ ಯಾಕೆ ಹಾಕುದು. ನಾನು ನಿಮ್ಮ ಶಿಖಂಡಿ ಯಾವ ಫ್ಲೈಟಲ್ಲಿ ಬಂದದ್ದು ಸರ್ ಅಂತ ಕೇಳಿದೆ, ನಕ್ಕರು, ಚಾ ಕುಡಿದ್ರು. ಹಾಗಂತ ನಮ್ಮಲ್ಲಿ ಮೊದ್ಲೇ ಎಲ್ಲ ಇತ್ತು, ಯಕ್ಷಗಾನದ ಸ್ತ್ರೀವೇಷ ನೋಡಿ ಅನ್ನುವ ವಾದವೂ ನನಗೆ ಅಷ್ಟಾಗಿ ಹಿಡಿಸುದಿಲ್ಲ. ಸ್ತ್ರೀವೇಷಕ್ಕೆ ಚಪ್ಪಾಳೆ ಹೊಡೆದ ಊರೇ ಬಣ್ಣ ತೊಳೆದ ಮೇಲೂ ಹಾಗೇ ನಡೆಯುವವನನ್ನು ಬಸ್ಸಿನಲ್ಲಿ ಹಾಸ್ಯ ಮಾಡುದು. ಉಡುಪಿಯ ಹೈಸ್ಕೂಲುಗಳಲ್ಲಿ ಈಗ ಹುಡುಗಿಯರೇ ಕಿರೀಟ ಕಟ್ಟಿ ಮೀಸೆ ಬರೆದು ರಾಕ್ಷಸ ಆಗಿ ಕುಣೀತಾರೆ, ಅದು ಚಂದ, ನೋಡ್ಲಿಕ್ಕೆ ಖುಷಿ, ಅದನ್ನೇ ತಗೊಂಡು ಎಲ್ಲ ಸರಿ ಉಂಟು ಅಂತ ಸರ್ಟಿಫಿಕೇಟ್ ಕೊಡ್ಲಿಕ್ಕೆ ಆಗುದಿಲ್ಲ.

ಮಂಜಮ್ಮ ಜೋಗತಿಯವರ ಹೆಸರು ನಮ್ಮ ಮಕ್ಕಳಿಗೆ ಗೊತ್ತುಂಟು, ಜಾನಪದ ಅಕಾಡೆಮಿಯ ಅಧ್ಯಕ್ಷರಾಗಿದ್ದವರು, 2021ರ ಪದ್ಮಶ್ರೀ, ಕ್ವಿಜ್ಜಲ್ಲಿ ಕೇಳಿದ್ರೆ ಬಝರ್ ಒತ್ತಿ ಹೇಳ್ತಾರೆ. ಅದೂ ಮಾರ್ಕ್ಸೇ. ಟ್ರಾಫಿಕ್ ಸಿಗ್ನಲಲ್ಲಿ ಮಂಗಳಮುಖಿಯರು ಹತ್ರ ಬಂದ್ರೆ ಅದೇ ಮಕ್ಕಳು ಆಟೋದಲ್ಲಿ ಮೊಬೈಲ್ ಮೇಲೆ ಕಣ್ಣು ಹಾಕ್ತಾರೆ. 2011ರ ಜನಗಣತಿಯಲ್ಲಿ ಇತರೆ ಅಂತ ಬರೆಸಿದವರು ದೇಶದಲ್ಲಿ ಸುಮಾರು 4.88 ಲಕ್ಷ, ಅವರಲ್ಲಿ ಓದು ಬರುವವರು 56 ಪರ್ಸೆಂಟ್, ಆಗ ದೇಶದ ಲೆಕ್ಕ 73ರ ಹತ್ರ. ಆ ನಡುವಿನ ಅಂತರ ಬಡತನದಿಂದ ಮಾತ್ರ ಆದದ್ದಲ್ಲ, ಶಾಲೆ ಬಿಟ್ಟು ಓಡುವಂತೆ ಮಾಡಿದ್ದು ಶಾಲೆಯೇ. ಕರ್ನಾಟಕ 2021ರಲ್ಲಿ ಸರ್ಕಾರಿ ನೌಕರಿಯಲ್ಲಿ ಒಂದು ಪರ್ಸೆಂಟ್ ಮೀಸಲಾತಿ ಕೊಟ್ಟಿತು, ದೇಶದಲ್ಲೇ ಮೊದಲು, ನಿಜಕ್ಕೂ ದೊಡ್ಡ ವಿಷಯ. ಆದ್ರೆ ಎಸ್ಸೆಸ್ಸೆಲ್ಸಿ ಮುಗಿಸದವನಿಗೆ, ಮುಗಿಸಿದ್ರೂ ಮಾರ್ಕ್ಸ್ ಕಾರ್ಡಲ್ಲಿ ಒಂದು ಹೆಸರು ಆಧಾರಲ್ಲಿ ಇನ್ನೊಂದು ಹೆಸರು ಇದ್ದವರಿಗೆ, ಆ ಒಂದು ಪರ್ಸೆಂಟ್ ಸಿಗುದು ಹೇಗೆ? ತಲಪಾಡಿ ದಾಟಿದ್ರೆ ಕೇರಳ, ಅಲ್ಲಿ 2018ರಿಂದಲೇ ಪ್ರತಿ ಕೋರ್ಸಲ್ಲಿ ಟ್ರಾನ್ಸ್‌ಜೆಂಡರ್ ವಿದ್ಯಾರ್ಥಿಗಳಿಗೆ ಎರಡು ಹೆಚ್ಚುವರಿ ಸೀಟು ಅಂತ ಆದೇಶ ಉಂಟು. ಅಲ್ಲಿಯೂ ಎಲ್ಲ ಸ್ವರ್ಗ ಅಂತ ಅಲ್ಲ, ಆದ್ರೆ ಒಂದು ಬಾಗಿಲು ಎಲ್ಲಿಂದ ಶುರುವಾಗ್ಬೇಕು ಅಂತ ಅವರಿಗೆ ಗೊತ್ತಾಗಿದೆ.

ಇನ್ನು ಪ್ರಿನ್ಸಿಪಾಲರು. ಎಲ್ರೂ ಅವರನ್ನು ಬೈಯುದು ಸುಲಭ, ನಾನು ಬೈಯುದಿಲ್ಲ. ಸಂಸ್ಕೃತಿಯ ಹೆಸರಲ್ಲಿ ಹುಡುಗ ಹುಡುಗಿಯರಿಗೆ ಹೊಡೆದ ಮಂಗಳೂರಿನ 2009ರ ಪಬ್ ದಾಳಿ, 2012ರ ಹೋಮ್‌ಸ್ಟೇ ದಾಳಿ ನೋಡಿದ ಊರಿದು. ಬೇರೆ ಬೇರೆ ಧರ್ಮದ ಹುಡುಗ ಹುಡುಗಿ ಒಟ್ಟಿಗೆ ಐಸ್‌ಕ್ರೀಂ ತಿಂದ್ರೆ ಯಾರೋ ಫೋಟೊ ತೆಗೆದು ಗ್ರೂಪಿಗೆ ಹಾಕ್ತಾರೆ, ಸಂಜೆಯೊಳಗೆ ಕಾಲೇಜಿನ ಗೇಟಲ್ಲಿ ಜನ. ಇಂಥ ಕಡೆ ಸಲಿಂಗ, ಟ್ರಾನ್ಸ್ ಅಂತ ಒಂದು ಕಾರ್ಯಕ್ರಮದ ಬ್ಯಾನರ್ ಹಾಕು ಅಂದ್ರೆ ಯಾವ ಪ್ರಿನ್ಸಿಪಾಲರಿಗೆ ಧೈರ್ಯ ಬರ್ತದೆ. ಮೇಲಿನವರಿಗೇ ಬರ್ಲಿಲ್ಲ. 2007ರಲ್ಲಿ ಲೈಂಗಿಕ ಶಿಕ್ಷಣವೂ ಸೇರಿದ್ದ ಕೇಂದ್ರದ ಹದಿಹರೆಯದ ಶಿಕ್ಷಣ ಕಾರ್ಯಕ್ರಮವನ್ನು ಬೇಡ ಅಂದ ರಾಜ್ಯಗಳಲ್ಲಿ ಕರ್ನಾಟಕವೂ ಒಂದು. 2021ರಲ್ಲಿ ಟ್ರಾನ್ಸ್‌ಜೆಂಡರ್ ಮಕ್ಕಳನ್ನು ಶಾಲೆಯಲ್ಲಿ ಹೇಗೆ ನೋಡ್ಕೊಳ್ಬೇಕು ಅಂತ ಟೀಚರುಗಳಿಗೆ ಪಠ್ಯಪುಸ್ತಕ ಮಾಡುವ ಕೇಂದ್ರದ ಎನ್‌ಸಿಇಆರ್‌ಟಿ ಒಂದು ಕೈಪಿಡಿ ತಂದಿತ್ತು, ಟಾಯ್ಲೆಟ್, ಯೂನಿಫಾರ್ಮ್ ಎಲ್ಲ ಪ್ರಾಕ್ಟಿಕಲ್ ವಿಷಯ, ದೂರು ಬಂದ ಕೂಡ್ಲೇ ವೆಬ್‌ಸೈಟಿನಿಂದ ಮಾಯ. 2025ರ ಮಾರ್ಚಲ್ಲಿ ನಮ್ಮ ಶಿಕ್ಷಣ ಸಚಿವರು 8ರಿಂದ 12ರವರೆಗೆ ಲೈಂಗಿಕ ಶಿಕ್ಷಣ ತರ್ತೇವೆ, ಡಾಕ್ಟರುಗಳು ಬಂದು ಹೇಳಿಕೊಡ್ತಾರೆ ಅಂದ್ರು. ಪುನಃ ಡಾಕ್ಟರು, ಪುನಃ ಹೊರಗಿನವರು.

ನನ್ನ ತಕರಾರು ಅದೇ. ಹೊರಗಿನವರು ಒಂದು ಗಂಟೆ ಎಷ್ಟೇ ಚಂದ ಹೇಳಿ ಹೋಗ್ಲಿ, ಉಳಿದ ಇಡೀ ವರ್ಷ ಮಕ್ಕಳ ಎದುರು ಇರುದು ನಾವು. ಹುಡುಗಿಯರ ಸಾಲು ಈ ಕಡೆ ಹುಡುಗರ ಸಾಲು ಆ ಕಡೆ ಅನ್ನುವ ಪಿಟಿ ಮಾಷ್ಟ್ರು, ಗಂಡಸಿನ ಹಾಗೆ ನಿಲ್ಲು ಮಾರಾಯ ಅನ್ನುವ ಎನ್‌ಸಿಸಿ ಸರ್, ಕೂದಲು ಕತ್ತರಿಸಿ ಬಾ ಅಂತ ಹುಡುಗನನ್ನು, ಕೂದಲು ಯಾಕೆ ಕತ್ತರಿಸಿದ್ದು ಅಂತ ಹುಡುಗಿಯನ್ನು ಒಂದೇ ದಿನ ಬೈಯುವ ನಾವೆಲ್ಲ. ಟ್ರೇನಿಂಗ್ ಬೇಕಾದ್ದು ಸ್ಟಾಫ್ ರೂಮಿಗೆ. 2025ರ ಅಕ್ಟೋಬರಲ್ಲಿ ಸುಪ್ರೀಂ ಕೋರ್ಟು ಒಬ್ಬ ಟ್ರಾನ್ಸ್ ಟೀಚರಿನ ಕೇಸಲ್ಲಿ ಪರಿಹಾರ ಕೊಡಿಸಿತು, ಉತ್ತರಪ್ರದೇಶ, ಗುಜರಾತಿನ ಖಾಸಗಿ ಶಾಲೆಗಳಲ್ಲಿ ಕೆಲಸ ಕಳ್ಕೊಂಡವರು ಅವರು. ನಾನು ಪೇಪರ್ ಓದ್ತಾ ಸುಮ್ಮನೆ ಕೇಳಿದೆ, ನಮ್ಮಲ್ಲಿ ಇಂಗ್ಲಿಷ್ ಪೋಸ್ಟ್ ಖಾಲಿ ಉಂಟಲ್ಲ, ಹೀಗೊಬ್ರು ಒಳ್ಳೆ ಟೀಚರ್ ಅಪ್ಲಿಕೇಶನ್ ಹಾಕಿದ್ರೆ? ಮೊದಲು ಬಂದ ಉತ್ತರ, ಟಾಯ್ಲೆಟ್ ಯಾವುದು ಕೊಡುದು ಮೇಡಂ. ಪಾಠ ಹೇಗೆ ಮಾಡ್ತಾರೆ ಅಂತ ಯಾರೂ ಕೇಳ್ಲಿಲ್ಲ.

ನಾನು ನನ್ನ ಕ್ಲಾಸಲ್ಲಿ ಮಾಡುದು ಸಣ್ಣ ಕೆಲಸ. ಆ ಚಾಪ್ಟರ್ ಮುಗಿದ ಮೇಲೆ ಒಂದು ಪೀರಿಯಡ್, ಹುಡುಗ ಹುಡುಗಿ ಒಟ್ಟಿಗೆ, ಹೆಸರಿಲ್ಲದೆ ಚೀಟಿ ಬರೆದು ಕೊಡಿ, ಎಲ್ರೂ ಏನಾದ್ರೂ ಬರೀಲೇಬೇಕು, ಪ್ರಶ್ನೆ ಇಲ್ಲದವರು ಮಧ್ಯಾಹ್ನ ಎಂತ ಊಟ ಅಂತ ಬರೆದ್ರೂ ಆಗ್ತದೆ, ಇಲ್ಲದಿದ್ರೆ ಪೆನ್ನು ಅಲ್ಲಾಡಿಸುವವನ ಕಡೆ ಎಲ್ರೂ ನೋಡ್ತಾರೆ. ಚೀಟಿಗಳಲ್ಲಿ ಬರುದು ನೋಡಿದ್ರೆ ನಮ್ಮ 97 ಪರ್ಸೆಂಟಿನ ಬಗ್ಗೆ ನಗು ಬರ್ತದೆ. ಆ ವಿಡಿಯೋ ನೋಡಿದ್ರೆ ಮೆಮೊರಿ ಪವರ್ ಹೋಗ್ತದಾ. ಒಂದು ದೊಡ್ಡ ಒಂದು ಸಣ್ಣ ಇದ್ರೆ ಆಪರೇಷನ್ ಬೇಕಾ. ಹುಡುಗನಿಗೆ ಹುಡುಗ ಇಷ್ಟ ಆದ್ರೆ ಟೆಸ್ಟೋಸ್ಟೆರಾನ್ ಕಡಿಮೆ ಅಂತವಾ. ಮಂಗಳಮುಖಿಯರು ಹುಟ್ಟುವಾಗ್ಲೇ ಹಾಗೆಯಾ. ಬೇಡ ಅಂತ ಹೇಳಿದ್ರೆ ಅವನಿಗೆ ಬೇಜಾರಾಗ್ತದೆ, ಹೇಗೆ ಹೇಳುದು. ಮೇಡಂ ನಿಮ್ಮದು ಲವ್ ಮ್ಯಾರೇಜಾ. ಕೊನೆಯದ್ದೊಂದು ಬಿಟ್ಟು ಎಲ್ಲದಕ್ಕೂ ಜೋರಾಗಿ, ಕನ್ನಡದಲ್ಲಿ, ಉತ್ತರ ಹೇಳ್ತೇನೆ. ಮೊದಲ ಎರಡು ಚೀಟಿಗೆ ನಗ್ತಾರೆ, ನಾಲ್ಕನೇದಕ್ಕೆ ನಗುದಿಲ್ಲ, ಯಾಕಂದ್ರೆ ಅಷ್ಟರಲ್ಲಿ ಅವರದ್ದೇ ಪ್ರಶ್ನೆ ಬಂದಿರ್ತದೆ. ಇದರಿಂದ ಯಾವ ಮಕ್ಕಳೂ ಹಾಳಾಗ್ಲಿಲ್ಲ, ರಿಸಲ್ಟೂ ಇಳಿಲಿಲ್ಲ, ಅದನ್ನು ಹೇಳ್ಲೇಬೇಕು, ಮ್ಯಾನೇಜ್‌ಮೆಂಟಿನವರು ಕೇಳುದು ಅದನ್ನೇ.

ಆ ರಿಸಲ್ಟ್ ತೋರಿಸಿಯೇ ಈ ಸಲ ಪ್ರಿನ್ಸಿಪಾಲರ ಹತ್ರ ಒಂದು ಟ್ರೇನಿಂಗ್ ಕೇಳಿದೆ, ಮಕ್ಕಳಿಗೆ ಅಲ್ಲ, ನಮಗೆ, ಸ್ಟಾಫಿಗೆ, ಪಿಟಿ ಮಾಷ್ಟ್ರು ಆಫೀಸಿನವರು ಎಲ್ಲ ಸೇರಿ. ಬ್ಯಾನರ್ ಬೇಡ, ಫೋಟೊ ಬೇಡ, ಪೇಪರಿಗೆ ಕಳಿಸುದು ಬೇಡ. ಸ್ವಲ್ಪ ಹೊತ್ತು ಫ್ಯಾನ್ ನೋಡಿದ್ರು, ಆಮೇಲೆ ರಿಸಲ್ಟ್ ಅನಾಲಿಸಿಸ್ ಮೀಟಿಂಗ್ ಮುಗಿದ ಮೇಲೆ ಅರ್ಧ ಗಂಟೆ ತಗೊಳ್ಳಿ, ವಿಷಯ ಕ್ಲಾಸ್‌ರೂಮ್ ಶಿಸ್ತು ಅಂತ ಸರ್ಕ್ಯುಲರಲ್ಲಿ ಹಾಕ್ತೇನೆ ಅಂದ್ರು. ಹಾಕ್ಲಿ. ಅರ್ಥಧಾರಿ ಸರ್ ಬರ್ತೇನೆ ಅಂತ ಹೇಳಿದ್ದಾರೆ, ವಾದ ಮಾಡ್ಲಿಕ್ಕೇ ಬರುದು ಅಂತ ಗೊತ್ತುಂಟು, ಅದಕ್ಕೂ ತಯಾರಿ ಮಾಡ್ಬೇಕು. ಆ ತೆಗೆದು ಹಾಕಿದ ಕೈಪಿಡಿ ಇಂಗ್ಲಿಷಲ್ಲಿ, ಆಫೀಸಿನವರಿಗೆ ಅದು ಆಗುದಿಲ್ಲ. ಕನ್ನಡದಲ್ಲಿ, ಟೀಚರುಗಳಿಗೆ ಅಂತಲೇ ಸರಳವಾಗಿ ಬರೆದದ್ದು ನಿಮ್ಮ ಕಣ್ಣಿಗೆ ಬಿದ್ದಿದ್ರೆ ಹೇಳಿ, ಜೆರಾಕ್ಸ್ ಖರ್ಚು ನನ್ನದು.